ಜುಲೇಖಾಬಿಯವರ ಹೆಸರು

ಜಯನಗರ, ಬೆಂಗಳೂರು
ಸೆಪ್ಟೆಂಬರ್ 1965

ಸಂಪಾದಕರಾದ ಏಕಾಂತಯ್ಯನವರಿಗೆ ಗುರುಶಾಂತಪ್ಪನ ನಮಸ್ಕಾರಗಳು.

ಕರಾಚಿಗೆ ವಲಸೆ ಹೋದವರ ಮನೆಮಂದಿಯ ಬಗ್ಗೆ ನಾನು ಕೊಟ್ಟ ಲೇಖನದಲ್ಲಿ ಒಂದು ತಿದ್ದುಪಡಿ ಆಗಬೇಕು. ‘ಸಿದ್ದಾಪುರದ ಒಬ್ಬ ತಾಯಿ’ ಎಂದಿರುವ ಕಡೆ ಜುಲೇಖಾಬಿ ಎಂದು ಹೆಸರು ಹಾಕಿಸಿ.

ಯುದ್ಧ ಶುರುವಾದ ಮೇಲೆ ಅವರ ಗಲ್ಲಿಯ ಮನೆಗಳಿಗೆ ಕಲ್ಲು ಬೀಳುತ್ತಿದೆ. ಅದಕ್ಕೇ ಹೆಸರು ಬಿಟ್ಟಿದ್ದೆ. ನಿನ್ನೆ ಹೋಗಿ ಅವರಿಗೆ ಲೇಖನ ಓದಿ ಹೇಳಿದೆ. ಊದುಬತ್ತಿ ಹೊಸೆಯುತ್ತಿದ್ದವರು ಕೈ ನಿಲ್ಲಿಸಿದರು.

“ಹೆಸ್ರು ಯಾಕೆ ಬಿಟ್ರಿ ಸಾಬ್?”

“ನಿಮಗೆ ತೊಂದ್ರೆ ಆಗುತ್ತಮ್ಮ.”

“ಯಾರ ಮಗ ಹೋದ ಅಂತ ಗೊತ್ತಾಗ್ದಿದ್ರೆ ಎಲ್ಲಾ ಮನೆಗೂ ಹೊಡೀತಾರೆ. ಪಕ್ಕದ ಮನೇಲಿ ಬಾಣಂತಿ ಇದ್ದಾಳೆ. ಬೀಳೋದು ನನ್ ಮನೆಗೇ ಬೀಳ್ಲಿ. ನನ್ ಮಗ ಮುನೀರ್ ಹಡಗಿನ ಕೆಲಸಕ್ಕೆ ಹೋದ, ಕರೆದ್ರೂ ನಾನು ಹೋಗ್ಲಿಲ್ಲ. ಅದನ್ನೂ ಬರೀರಿ.”

ಬಹಳ ಹೊತ್ತು ವಾದ ಮಾಡಿದೆ, ಅವರು ಒಪ್ಪಲಿಲ್ಲ. ನಾನು ಹೊರಡುವಾಗ ಮಾತ್ರ, “ಪೇಪರ್ ಯಾವತ್ತು ಬರುತ್ತೆ?” ಎಂದು ಮೆಲ್ಲಗೆ ಕೇಳಿದರು. ಭಾನುವಾರ ಎಂದೆ.

ತಲೆಬರಹದಲ್ಲಿ ‘ಪಾಕಿಸ್ತಾನಿ’ ಎಂಬ ಪದ ಬರದಂತೆ ದಯವಿಟ್ಟು ತಾವೇ ನೋಡಿಕೊಳ್ಳಬೇಕು. ಲೇಖನದ ಕೆಳಗೆ ನನ್ನ ಹೆಸರನ್ನೂ ಪೂರ್ತಿಯಾಗಿ ಹಾಕಿಸಿ.

ಭಾನುವಾರ ನಾನು ಕಚೇರಿಗೆ ಬರುವುದಿಲ್ಲ. ಪೇಪರ್ ಹಂಚುವ ಹೊತ್ತಿಗೆ ಹೋಗಿ ಜುಲೇಖಾಬಿಯವರ ಜಗಲಿಯ ಮೇಲೆ ಕೂತಿರುತ್ತೇನೆ. ತುರ್ತು ಕೆಲಸವಿದ್ದರೆ ಅಲ್ಲಿಗೇ ಹೇಳಿ ಕಳಿಸಿ. ನನ್ನ ಹೆಂಡತಿ ಕಮಲಾದೇವಿಗೆ ಈ ವಿಷಯ ತಿಳಿಸಿಲ್ಲ. ಅವಳು ಯಾರನ್ನಾದರೂ ಕಳಿಸಿ ವಿಚಾರಿಸಿದರೆ, ಕಚೇರಿಯಲ್ಲೇ ಇದ್ದೇನೆ ಎಂದು ಹೇಳಿ.

ತಮ್ಮ ವಿಶ್ವಾಸದ,
ಗುರುಶಾಂತಪ್ಪ