ರಬ್ಬರ್ ಕಿವಿ ಮತ್ತು ನಮ್ಮಪ್ಪನ ಕುರ್ಚಿ

ವಿಡಿಯೋ ದೂರು ವಿಭಾಗದ ಮಾನ್ಯರೇ,

ಆ ವಿಡಿಯೋದಲ್ಲಿರುವುದು ನಮ್ಮಪ್ಪ ಅಂತ ಹೇಳಲಾಗದು ಎಂದು ಉತ್ತರ ಬರೆದಿದ್ದೀರಿ. ಹಾಗಾದರೆ ಇಡೀ ಬೀದಿ ಯಾರನ್ನು ನೋಡಿ ನಗುತ್ತಿದೆ? ನಾನು ಎಂಟನೇ ಕ್ಲಾಸಿಗೆ ಶಾಲೆ ಬಿಟ್ಟವನು. ನಿಮ್ಮ ಭಾಷೆ ಅರ್ಥವಾಗಲು ಮತ್ತೆ ಮತ್ತೆ ಓದಿದೆ. ಅರ್ಥವಾದ ಮೇಲೆ, ಆಗದಿದ್ದರೇ ಚೆನ್ನಾಗಿತ್ತು ಅನಿಸಿತು.

ನಮ್ಮಪ್ಪನದು ಒಂದೇ ಕುರ್ಚಿಯ ಕಟಿಂಗ್ ಶಾಪ್. ಜನರನ್ನು ಹೆದರಿಸಿ, ಅದನ್ನೇ ವಿಡಿಯೋ ಮಾಡಿ ಮಾರುವ ಕಂಪನಿಯವನೊಬ್ಬ ಗಿರಾಕಿಯಂತೆ ಬಂದು ಕೂತ. ಅವನ ಜೊತೆಗಾರ ಬೆಂಚಿನ ಮೇಲೆ, ಬ್ಯಾಗಿನಲ್ಲಿ ಕ್ಯಾಮೆರಾ ಇಟ್ಟುಕೊಂಡು ಪೇಪರ್ ಓದುತ್ತಿದ್ದ. ಅಪ್ಪ ಕತ್ತಿ ಇಟ್ಟರೋ ಇಲ್ಲವೋ, ಗಿರಾಕಿಯ ಕಿವಿ ಕಳಚಿ ತೊಡೆಯ ಮೇಲೆ ಬಿತ್ತು. ರಬ್ಬರ್ ಕಿವಿ, ಕೆಂಪು ಬಣ್ಣದ ನೀರು. ಅಪ್ಪನಿಗೇನು ಗೊತ್ತು? ಅದನ್ನು ಟವೆಲಿನಲ್ಲಿ ಸುತ್ತಿ, ಎದೆಗೆ ಅವಚಿಕೊಂಡು ಎದುರಿನ ಕ್ಲಿನಿಕ್ಕಿಗೆ ಓಡಿದರು. ಕ್ಯಾಮೆರಾವೂ ಹಿಂದೆಯೇ ಓಡಿತು.

"ಡಾಕ್ಟ್ರೇ, ಬೇಗ ಹೊಲೀರಿ, ಇನ್ನೂ ಬಿಸಿ ಇದೆ," ಎಂದು ಅತ್ತರು.

ಡಾಕ್ಟರು ಹಿಚುಕಿ ನೋಡಿ, "ಇದು ರಬ್ಬರ್ ಕಣಯ್ಯಾ," ಎಂದರು.

ಆಗ ಅಪ್ಪ ನಕ್ಕರು. ಸದ್ಯ, ಯಾರ ಕಿವಿಯೂ ಹೋಗಲಿಲ್ಲವಲ್ಲ ಎಂದು ನಕ್ಕರು.

ವಿಡಿಯೋ ಹಾಕಲು ಆ ನಗುವೇ ಒಪ್ಪಿಗೆಯಂತೆ, ಕಂಪನಿಯವರ ವಾದ. ನೀವೋ, ಮುಖ ಮಬ್ಬು ಮಾಡಿರುವುದರಿಂದ ಅದು ಯಾರೆಂದೇ ಗೊತ್ತಾಗುವುದಿಲ್ಲ ಎನ್ನುತ್ತೀರಿ. ಮುಖವೇ ಇಲ್ಲದವರು ಒಪ್ಪಿಗೆಯ ನಗು ನಕ್ಕಿದ್ದು ಯಾವ ಬಾಯಿಂದ, ಸ್ವಾಮಿ? ಅಂಗಡಿಯ ಬೋರ್ಡಿಗೆ ಮಬ್ಬಿಲ್ಲ, ಅಪ್ಪನ ಅಳುವಿಗೂ ಮಬ್ಬಿಲ್ಲ. ಈಗ ಅವರು ನಿಮ್ಮ ಕಚೇರಿಗೆ ಬಂದು ಅದೇ ಥರ ಅತ್ತು ತೋರಿಸಬೇಕಂತೆ, ನೀವು ಹೋಲಿಸಿ ನೋಡುತ್ತೀರಂತೆ. ಕಿವಿ ನಾವೇ ತರಬೇಕೋ, ಇಲಾಖೆಯೇ ಕೊಡುತ್ತದೋ?

ಇಲ್ಲಿ ಜನ ಕಿವಿ ಮುಚ್ಚಿಕೊಂಡು ಬಾಗಿಲಲ್ಲೇ ನಿಂತು, "ಏನಣ್ಣಾ, ಇವತ್ತೆಷ್ಟು ಕಿವಿ ಬಿತ್ತು?" ಎನ್ನುತ್ತಾರೆ. ಸೆಲ್ಫಿ ತೆಗೆದುಕೊಳ್ಳುತ್ತಾರೆ, ಕೂರುವುದಿಲ್ಲ. ಅಪ್ಪ ಕತ್ತಿ ಮುಟ್ಟುವುದನ್ನೇ ಬಿಟ್ಟಿದ್ದಾರೆ. ಕೈ ಆಡಲಿ ಎಂದು ನಾನೇ ಹೋಗಿ ಕೂತೆ. ಸೋಪು ಹಚ್ಚಿದರು. ಕತ್ತಿ ಎತ್ತಿದರು. ನನ್ನ ಕಿವಿಯನ್ನು ಮೆಲ್ಲಗೆ ಎಳೆದು ನೋಡಿದರು. "ಬೇಡ ಬಿಡು ಮಗಾ," ಎಂದರು. ನೊರೆ ಮುಖದ ಮೇಲೆಯೇ ಒಣಗಿತು.

ಆ ವಿಡಿಯೋ ತೆಗೆಸಿ. ತೆಗೆಸುವವರೆಗೆ ನೀವೇ ಬಂದು, ಬೀದಿಯವರೆಲ್ಲ ನೋಡುವಂತೆ ಆ ಕುರ್ಚಿಯಲ್ಲಿ ಕೂತು ಶೇವಿಂಗ್ ಮಾಡಿಸಿಕೊಳ್ಳಿ. ಅಪ್ಪ ಮೊದಲು ನಿಮ್ಮ ಕಿವಿ ಎಳೆದು ನೋಡುತ್ತಾರೆ. ತಪ್ಪು ತಿಳಿಯಬೇಡಿ. ಇಷ್ಟು ದಿನ ನಮ್ಮ ದೂರು ಕೇಳಿಸಿಕೊಳ್ಳದ ಕಿವಿ, ಅನುಮಾನ ಬರುವುದು ಸಹಜ.

ಇಂತಿ,
ಮಬ್ಬು ಮುಖದವರ ಮಗ,
ಸದ್ಯಕ್ಕೆ ಗಡ್ಡ ಬಿಟ್ಟವನು