ಮಂಗಳದ ಹಾಳೆ

ಕೋಥರೂಡ, ಗುರುವಾರ

ಸಾಸವಡದ ಶಿವಗಂಗವ್ವನವರಿಗೆ ಸಿದ್ದಾರೂಢನ ನಮಸ್ಕಾರ.

ನಿಮ್ಮ ಫೋನು ಹತ್ತುತ್ತಿಲ್ಲ, ಅದಕ್ಕೇ ಈ ಪತ್ರ. ಹಳೆಯ ಮಂತ್ರದ ಹೊತ್ತಿಗೆಗಳನ್ನು ಹುಡುಕಿ ಮಾರುವುದು ನನ್ನ ಕಸುಬು, ಓದುವುದಲ್ಲ. ಆದರೂ ನಿಮ್ಮಿಂದ ತಂದ ಹೊತ್ತಿಗೆಯನ್ನು ಓದಲು ಕುಳಿತೆ. ಅದರೊಂದಿಗೆ ನೀವು "ಇದನ್ನೂ ಒಯ್ಯರಿ, ಕೇಳಾವ್ರಿಗೆ ಬೇಕಾಗತದ" ಎಂದು ಕೊಟ್ಟ ಮಣೆಯನ್ನು, ಪುರಾಣ ಓದುವಾಗ ಕಣ್ಣಿಗೆ ಕಾಣದ ಕೇಳುಗರಿಗೆಂದು ಹಾಕುವ ರೂಢಿಯಂತೆ, ಎದುರಿಗೆ ಖಾಲಿ ಹಾಕಿದೆ. ದಿನಾ ಬೆಳಿಗ್ಗೆ ಗಟ್ಟಿಯಾಗಿ ಓದಿ ಕೊನೆಗೆ ಬಂದರೆ ಮಂಗಳದ ಹಾಳೆಯೇ ಇಲ್ಲ! ಓದು ಮುಗಿದ ದಿನ ಮಂಗಳ ಹಾಡದೆ ಓದುವವನೂ ಏಳುವಂತಿಲ್ಲ, ಕೇಳುವವರೂ ಏಳುವಂತಿಲ್ಲ. ಇದು ನಿಮಗೆ ಗೊತ್ತಿಲ್ಲದ್ದೇನಲ್ಲ.

ಖಾಲಿ ಮಣೆ ಮುಟ್ಟಿದರೆ ಬೆಚ್ಚಗಿರುತ್ತದೆ. ನನ್ನ ಹೆಂಡತಿ ಮಾಧುರಿ ಅದನ್ನು ಎತ್ತಲು ಹೋಗಿ, "ಯಾರೋ ಕುಂತಾರ್ರಿ, ಭಾಳ ವಜ್ಜಿ ಅದ" ಎಂದು ಕೈಬಿಟ್ಟವಳು ತವರಿಗೆ ಹೋಗಿದ್ದಾಳೆ.

ಹಾಳೆ ಹರಿದ ಅಂಚು ಇನ್ನೂ ಬೆಳ್ಳಗಿದೆ, ಹರಿದು ಬಹಳ ದಿನವಾಗಿಲ್ಲ. ಹರಿದವರು ಯಾರೆಂದು ಕೇಳುವುದಿಲ್ಲ. ಇವತ್ತೇ ಕೊರಿಯರ್ ಮಾಡಿ.

ಹಾಳೆ ಸಿಗದಿದ್ದರೆ ಇಷ್ಟಾದರೂ ತಿಳಿಸಿ. ಊಟದ ಹೊತ್ತಾದರೆ ಮಣೆ ಕಟಕಟ ಅನ್ನುತ್ತದೆ. ನಿಮ್ಮ ಮನೆಯಲ್ಲಿ ಅವರಿಗೆ ಏನು ಬಡಿಸುತ್ತಿದ್ದಿರಿ?

ಕುಳಿತಲ್ಲೇ ಕುಳಿತಿರುವ
ಸಿದ್ದಾರೂಢ