ಅಣ್ಣ ಕಚ್ಚಿಕೊಟ್ಟ ರೊಟ್ಟಿ

ಸಮರ್ಕಂದ್, ಶನಿವಾರ ಸಂಜೆ

ಅಮ್ಮಾ,

ಈ ಕಾರ್ಡಿಗಿಂತ ಮೊದಲು ನಾನೇ ಗಡಿ ದಾಟಿ ನಮ್ಮೂರು ಪಂಜಕೆಂತ್ ಸೇರಿರುತ್ತೇನೆ. ಎದುರು ನಿಂತು ಹೇಳುವ ಧೈರ್ಯವಿಲ್ಲದೆ ಬರೆಯುತ್ತಿದ್ದೇನೆ.

ಅಪ್ಪನ ಮಣ್ಣಿಗೆ ಬರಲಿಲ್ಲವೆಂದು ನೀನು ಹೆಸರೆತ್ತದ ಅಣ್ಣ ಇವತ್ತು ಸಿಕ್ಕಿದ. ಆಗ ಗಡಿ ಮುಚ್ಚಿತ್ತೆಂಬುದು ನಿನಗೂ ಗೊತ್ತು. ಪ್ರವಾಸದ ಗುಂಪು ಬಿಟ್ಟು ಹೋಗುವಂತಿಲ್ಲ ಎಂದು ಗೈಡ್ ಹುಡುಗಿ ಬೆಳಿಗ್ಗೆಯೇ ಹೇಳಿದ್ದಳು. ಫೋನಿನಲ್ಲಿ ಅದನ್ನು ತಿಳಿಸಿದಾಗ ಅವನೇ ತಾನೀಗ ಇರುವ ಊರಿನ ರೆಗಿಸ್ತಾನ ಚೌಕ ನೋಡಲು ಟಿಕೆಟ್ ಕೊಂಡು, ಮದರಸಾದಿಂದ ಮದರಸಾಕ್ಕೆ ನನ್ನ ಪಕ್ಕದಲ್ಲಿ ನಡೆದ.

"ಯಾರ್ರೀ ನೀವು, ನಮ್ಮ ಬಸ್ಸಿನವರಾ?" ಎಂದು ಗೈಡ್ ಕೇಳಿದಳು.

"ಇದೇ ಊರಿನವನಮ್ಮ. ನೋಡೋಕೆ ಪುರುಸೊತ್ತಾಗಿದ್ದು ಇವತ್ತೇ," ಎಂದ.

ಮುಂದಿನ ಹಲ್ಲುಗಳು ಹೋಗಿವೆ, ಉಳಿದಂತೆ ಆರೋಗ್ಯವಾಗಿದ್ದಾನೆ. ಬಸ್ಸಿನ ಹತ್ತಿರ ಒಂದು ರೊಟ್ಟಿ ಕೊಂಡು, ಪಕ್ಕದ ಹಲ್ಲಿನಿಂದ ಅದರ ಅಂಚು ಕಚ್ಚಿ ನನ್ನ ಕೈಗಿಟ್ಟ.

"ಊರು ಬಿಟ್ಟು ಹೊರಡೋರು ಕಚ್ಚಿಟ್ಟ ರೊಟ್ಟಿ ಅವರು ವಾಪಸ್ ಬರೋವರೆಗೂ ಕಾಯುತ್ತೆ ಅಂತಾರಲ್ಲ, ಹೊರಟಿರೋಳು ನಾನು. ಕಚ್ಚಿಡಬೇಕಾದವಳೂ ನಾನೇ ಅಲ್ವಾ?" ಎಂದೆ.

"ಮನೆ ಬಿಟ್ಟು ಬಂದವನು ನಾನು ಕಣೇ. ಗೋಡೇಲಿ ನೇತುಹಾಕು. ಅಮ್ಮ ಬಾ ಅಂದ ದಿನ ಬಂದು ಮಿಕ್ಕಿದ್ದು ತಿಂತೀನಿ," ಎಂದ.

ಬಸ್ಸು ಹೊರಡುತ್ತಿದೆ. ಕಾರ್ಡನ್ನು ಅಂಚೆಗೆ ಹಾಕಲು ಅವನೇ ಕಿಟಕಿಯ ಹೊರಗೆ ನಿಂತು ಕೈಚಾಚಿದ್ದಾನೆ. ನಾನು ಬಂದ ದಿನ ಮಾತಿಲ್ಲದೆ ಗೋಡೆಗೆ ತೂಗುಹಾಕಿದ ರೊಟ್ಟಿ ಯಾರದೆಂದು ಇದನ್ನು ಓದುತ್ತಿರುವ ನಿನಗೆ ಈಗ ತಿಳಿಯಿತು. ತೆಗೆಯಬೇಡ.

ನಿಗೋರಾ